ಎರಡು ನಗರಗಳ ನಡುವೆ ಬಾತಿ

ದಾವಣಗೆರೆಯಿಂದ ಹರಿಹರಕ್ಕೆ ಹಳೆಯ ಪಿ.ಬಿ. ರಸ್ತೆಯಲ್ಲಿ ಹೊರಟವರಿಗೆ ಅರ್ಧ ದಾರಿಗೂ ಮೊದಲೇ ಒಂದು ಗುಡ್ಡ ಎದುರಾಗುತ್ತದೆ. ಸುತ್ತಲಿನ ಬಯಲು ಚಾಪೆ ಹಾಸಿದಂತೆ ಸಪಾಟಾಗಿರುವುದರಿಂದ, ಅಷ್ಟೇನೂ ಎತ್ತರವಲ್ಲದ ಈ ಗುಡ್ಡವೂ ಕಣ್ಣಿಗೆ ದೊಡ್ಡದಾಗಿಯೇ ಕಾಣುತ್ತದೆ. "ಬಾತಿ, ಬಾತಿ" ಎಂದು ಕಂಡಕ್ಟರು ಕೂಗುತ್ತಾನೆ. ನಾಲ್ಕಾರು ಮಂದಿ ಇಳಿಯುತ್ತಾರೆ, ನಾಲ್ಕಾರು ಮಂದಿ ಹತ್ತುತ್ತಾರೆ. ಬಸ್ಸು ಮುಂದೆ ಸಾಗುತ್ತದೆ. ಹರಿಹರೇಶ್ವರನ ದರ್ಶನಕ್ಕೋ, ನೆಂಟರ ಮನೆಯ ಮದುವೆಗೋ, ಆಸ್ಪತ್ರೆಯ ಕೆಲಸಕ್ಕೋ ಈ ದಾರಿಯಲ್ಲಿ ಹತ್ತಾರು ಸಲ ಓಡಾಡಿದ ನಾವು ಈ ಊರಿನಲ್ಲಿ ಒಮ್ಮೆಯೂ ಇಳಿದಿರಲಿಲ್ಲ. ನಮ್ಮ ಓದುಗ ಬಂಧುಗಳಲ್ಲಿಯೂ ಬಹುಮಂದಿಯ ಅನುಭವ ಇದೇ ಇದ್ದೀತು. ಈ ಸಲ ಬೇಕೆಂದೇ ಇಳಿದೆವು.

ಬಾತಿ ಎಂದರೆ ಒಂದೇ ಊರಲ್ಲ. ಹಳೇಬಾತಿ, ದೊಡ್ಡಬಾತಿ ಎಂದು ಎರಡು ಊರುಗಳು. ಗುಡ್ಡ ಮತ್ತು ಕೆರೆ ಬಾತಿಯ ಹೆಸರಿನವೇ. ದಾವಣಗೆರೆಯಿಂದ ಆರೇಳು ಕಿಲೋಮೀಟರು, ಹರಿಹರದಿಂದಲೂ ಹೆಚ್ಚುಕಡಿಮೆ ಅಷ್ಟೇ ದೂರ. ಹೀಗಾಗಿ ಈ ಊರಿನ ಜನಕ್ಕೆ ಸಂತೆ, ಶಾಲೆ, ಕಚೇರಿ, ಆಸ್ಪತ್ರೆ ಎಲ್ಲಕ್ಕೂ ಎಡಗೈಗೊಂದು ಬಲಗೈಗೊಂದು ಪೇಟೆ. ಮಲೆನಾಡು ಮುಗಿದು ಬಯಲುಸೀಮೆ ತೊಡಗುವ ನೆಲ ಇದು. ಮಲೆನಾಡಿನಲ್ಲಿ ಹುಟ್ಟಿದ ತುಂಗೆ ಭದ್ರೆಯರು ಕೂಡಲಿಯಲ್ಲಿ ಒಂದಾಗಿ, ಹರಿಹರದ ಮಗ್ಗುಲಲ್ಲಿ ಹರಿದು ಹೋಗುತ್ತಾರೆ. ಆದರೆ ಹೊಳೆ ಅಷ್ಟು ಸಮೀಪದಲ್ಲಿದ್ದರೂ ಈ ಬಯಲಿನ ಹಳ್ಳಿಗಳು ಶತಮಾನಗಳ ಕಾಲ ಬದುಕಿದ್ದು ಮಳೆಯನ್ನು ನೆಚ್ಚಿ, ಕೆರೆಯನ್ನು ನೆಚ್ಚಿ. ಹೊಳೆ ತಗ್ಗಿನಲ್ಲಿದೆ, ಹೊಲ ಮೇಲಿದೆ. ಎರಡರ ನಡುವೆ ಬರಿಗಾಲಿನಲ್ಲಿ ನಡೆದು ಹೋಗಬಹುದಾದಷ್ಟೇ ಅಂತರವಿದ್ದರೂ ನೀರು ಮೇಲಕ್ಕೆ ಹತ್ತಿ ಬರುವುದಿಲ್ಲವಷ್ಟೆ.

ಗುಡ್ಡದ ದೈವ ಶ್ರೀ ರೇವಣಸಿದ್ಧೇಶ್ವರ. ರೇವಣಸಿದ್ಧರ ಚರಿತೆಯನ್ನು ಕವಿ ಹರಿಹರನು ರಗಳೆಯಾಗಿ ಹಾಡಿರುವುದು ನಮ್ಮ ಓದುಗರಿಗೆ ಹೊಸ ವಿಷಯವೇನಲ್ಲ. ವೀರಶೈವ ಪರಂಪರೆಯಲ್ಲಿ ಅವರಿಗಿರುವ ಸ್ಥಾನ ಎಷ್ಟು ಹಿರಿದೋ, ಹಾಲುಮತದ ಕುರುಬ ಬಂಧುಗಳಲ್ಲಿಯೂ ಅಷ್ಟೇ ಹಿರಿದು. ಅವರಿಗೂ ರೇವಣಸಿದ್ಧರೇ ಗುರು. ಕುರಿಯ ಹಿಂಡು, ಕಂಬಳಿಯ ಮಗ್ಗ, ಸಿದ್ಧರ ಗದ್ದುಗೆ ಇವು ಮೂರೂ ಒಟ್ಟಿಗೆ ಕಾಣಿಸುವ ಊರುಗಳು ನಮ್ಮ ನಾಡಿನಲ್ಲಿ ಹಲವು. ಒಂದು ಕಾಲಕ್ಕೆ ದಾವಣಗೆರೆಯ ಕಂಬಳಿ ನಾಡಿನಾಚೆಗೂ ಹೆಸರಾಗಿದ್ದುದನ್ನು ನೆನೆದರೆ, ಈ ಬಯಲಿನ ನಡುವಣ ಗುಡ್ಡದ ಮೇಲೆ ರೇವಣಸಿದ್ಧರು ನೆಲೆಸಿದುದು ಸಹಜವೆಂದೇ ತೋರುತ್ತದೆ. ಇದೇ ಬಾತಿಯ ನೆಲದಲ್ಲಿ ಚಮನ್ ಷಾ ವಲಿ ಅವರ ದರ್ಗಾ ಕೂಡ ಇದೆ. ಗುಡ್ಡದ ಸ್ವಾಮಿಯ ತೇರಿಗೆ ಜನ ಸೇರುವಂತೆ ದರ್ಗಾದ ಉರುಸಿಗೂ ಜನ ಸೇರುತ್ತಾರೆ. ಹರಕೆ ಹೊತ್ತ ತಾಯಿ ಯಾವ ಮೆಟ್ಟಿಲು ಮೊದಲು ಹತ್ತಬೇಕೆಂದು ಯಾರನ್ನೂ ಕೇಳುವುದಿಲ್ಲ. ಇದನ್ನು ದೊಡ್ಡ ಸಂಗತಿಯೆಂಬಂತೆ ಎತ್ತಿ ಹೇಳುವುದೂ ನಮಗೆ ಸರಿಯೆನಿಸದು. ಊರಿನವರಿಗೆ ಅದು ದಿನದ ಬದುಕು.

ಬಾತಿಯ ಚರಿತ್ರೆಯನ್ನು ತಿಳಿಯಬೇಕಾದರೆ ಬಾತಿಯ ಮೇಲೆ ಹಾದು ಹೋದ ದಾರಿಯ ಚರಿತ್ರೆಯನ್ನು ತಿಳಿಯಬೇಕು. ದಾರಿಯ ಒಂದು ತುದಿ ಹರಿಹರ. ಹೊಯ್ಸಳ ಎರಡನೆಯ ನರಸಿಂಹನ ಕಾಲದಲ್ಲಿ, 1223-24ರಲ್ಲಿ, ಪೋಳಾಳ್ವ ದಂಡನಾಯಕನು ಕಟ್ಟಿಸಿದ ಹರಿಹರೇಶ್ವರ ದೇವಾಲಯ ಅಲ್ಲಿದೆ. ಬಲಭಾಗ ಹರ, ಎಡಭಾಗ ಹರಿಯಾಗಿ ನಿಂತ ಆ ಮೂರ್ತಿಯೇ ಊರಿಗೆ ಹೆಸರು ಕೊಟ್ಟಿತು. ಸೂಳೆಕೆರೆಯಿಂದ ಹೊರಟು ಬಂದ ಹರಿದ್ರಾ ಹಳ್ಳ ತುಂಗಭದ್ರೆಯನ್ನು ಕೂಡುವುದು ಈ ಕ್ಷೇತ್ರದಲ್ಲಿಯೇ. ಇನ್ನೊಂದು ತುದಿ ದಾವಣಗೆರೆ. ಇಂದು ಮಹಾನಗರವಾಗಿರುವ ಆ ಊರು ಹರಿಹರದ ಎದುರಿಗೆ ತೀರ ಎಳೆಯದು. ಹೈದರಾಲಿಯು ಅಪ್ಪಾಜಿರಾಮನೆಂಬ ಮರಾಠಾ ಸರದಾರನಿಗೆ ದಾವಣಗೆರೆಯನ್ನು ಜಹಗೀರಾಗಿ ಕೊಟ್ಟನು. ಆತನು ವರ್ತಕರನ್ನು ಕರೆದು ನೆಲೆಗೊಳಿಸಿದನು. ಅದರ ನಂತರವೇ ಆ ಹಳ್ಳಿ ಪೇಟೆಯಾಯಿತು. 1801ರಲ್ಲಿ ಈ ದಾರಿಯಲ್ಲಿ ಹಾದು ಹೋದ ಬುಕಾನನ್ ಎಂಬ ಸ್ಕಾಟ್ಲೆಂಡಿನ ಪ್ರವಾಸಿಯೂ ಅಲ್ಲಿನ ವ್ಯಾಪಾರವನ್ನು ಗಮನಿಸಿದ್ದಾನೆ.

ಆ ವ್ಯಾಪಾರ ಎಂಥದು? ನಗರ, ಸಾಗರಗಳ ಕಡೆಯ ಅಡಿಕೆ, ಮೆಣಸು ಇಲ್ಲಿಗೆ ಬರುತ್ತಿತ್ತು. ಇಲ್ಲಿಂದ ಎತ್ತುಗಳ ಬೆನ್ನ ಮೇಲೆ ತಮಿಳುನಾಡಿನ ಆರ್ಕಾಟಿನ ಬಳಿಯ ವಾಲಾಜಾಪೇಟೆಗೆ ಹೋಗುತ್ತಿತ್ತು. ಬರುವಾಗ ಮದರಾಸಿನ ಸರಕು ಬರುತ್ತಿತ್ತು. ಈ ವ್ಯಾಪಾರ ನಡೆಸುತ್ತಿದ್ದವರಲ್ಲಿ ಹೆಚ್ಚಿನವರು ಶಿವಭಕ್ತರು, ಎಂದರೆ ನಮ್ಮ ಲಿಂಗಾಯತ ವರ್ತಕರು ಎಂದು ಹಳೆಯ ಮೈಸೂರು ಗೆಜೆಟಿಯರು ಹೇಳುತ್ತದೆ. ಹಸುಬೆ ಹೇರಿಕೊಂಡು, ಕೊರಳಲ್ಲಿ ಲಿಂಗ ಧರಿಸಿ, ಬೀಡುಬಿಟ್ಟಲ್ಲಿ ಪೂಜೆ ಮುಗಿಸಿ ಪ್ರಸಾದ ಸ್ವೀಕರಿಸಿ, ತಿಂಗಳುಗಟ್ಟಲೆ ದಾರಿ ನಡೆದ ಆ ಹಿರಿಯರು ನಮ್ಮ ಅನೇಕ ಮನೆತನಗಳ ಮೂಲಪುರುಷರು. ನಮ್ಮ ಓದುಗರಲ್ಲಿ ಯಾರ ಮನೆಯಲ್ಲಾದರೂ ಆ ಕಾಲದ ತಕ್ಕಡಿಯೋ ಕಡತವೋ ಉಳಿದಿದ್ದರೆ ಅದನ್ನು ಗುಜರಿಗೆ ಹಾಕದಿರಿ ಎಂದಷ್ಟೇ ಇಲ್ಲಿ ಬೇಡುತ್ತೇವೆ.

ಹರಿಹರದ ಬಳಿ ಹೊಳೆಗೆ ಕಲ್ಲು, ಇಟ್ಟಿಗೆಗಳ ಕಮಾನು ಸೇತುವೆ 1868ರಲ್ಲಿ ಪೂರ್ಣಗೊಂಡಿತು. 1880ರ ದಶಕದಲ್ಲಿ ರೈಲು ಬಂದಿತು. ಹೊಳೆಯ ಆಚೆಯ ದಂಡೆ ಮುಂಬಯಿ ಆಧಿಪತ್ಯದ ಧಾರವಾಡ ಜಿಲ್ಲೆ. ಈಚೆಯದು ಮೈಸೂರು ಸಂಸ್ಥಾನ. 1956ರ ನವೆಂಬರ್ 1ರವರೆಗೂ ಈ ಗಡಿ ಉಳಿದಿತ್ತು. ಆಡುಮಾತು ಒಂದು, ಮದುವೆಯ ಸಂಬಂಧಗಳು ಒಂದು, ಮಠಗಳು ಒಂದು; ಸರಕಾರ ಮಾತ್ರ ಎರಡು! ಹೀಗೆ ಬಾತಿಯ ದಾರಿ ಮೈಸೂರು ಸೀಮೆಯ ಕೊನೆಯ ಕೆಲವು ಹರದಾರಿಗಳಲ್ಲೊಂದಾಗಿತ್ತು. ಗಡಿಯ ಊರಿನ ಗುಣ ಇಲ್ಲಿಯ ಮಾತಿನಲ್ಲಿ ಇಂದಿಗೂ ಇದೆ. ಧಾರವಾಡದ ಎಳೆತವೂ ಅಲ್ಲ, ಮೈಸೂರಿನ ಮೆಲುದನಿಯೂ ಅಲ್ಲ. ಎರಡರ ನಡುವಣ ಒಂದು ಬಿರುಸು, ಒಂದು ಸಲಿಗೆ.

ಗಡಿಯಾಚೆಯಿಂದ ಬಂದ ಒಬ್ಬರನ್ನು ಇಲ್ಲಿ ನೆನೆಯದೆ ಮುಂದೆ ಹೋಗಲಾಗದು. ಬನವಾಸಿಯಲ್ಲಿ 1886ರಲ್ಲಿ ಹುಟ್ಟಿದ ಹರ್ಡೇಕರ್ ಮಂಜಪ್ಪನವರು 1906ರಲ್ಲಿ ದಾವಣಗೆರೆಗೆ ಬಂದು 'ಧನುರ್ಧಾರಿ' ಪತ್ರಿಕೆಯನ್ನು ಆರಂಭಿಸಿದರು. ಅಲ್ಲಿನ ವಿರಕ್ತಮಠದಲ್ಲಿದ್ದ ಮೃತ್ಯುಂಜಯ ಸ್ವಾಮಿಗಳು, ಮುಂದೆ ಧಾರವಾಡದ ಮುರುಘಾಮಠವನ್ನು ಬೆಳೆಸಿದ ಮೃತ್ಯುಂಜಯಪ್ಪಗಳು, ಅವರಿಗೆ ಜೊತೆಯಾದರು. ಶ್ರಾವಣಮಾಸದ ಪ್ರವಚನಗಳಿಗೆ ಅವರು ನಾಂದಿ ಹಾಡಿದರು. 1913ರಲ್ಲಿ ಅದೇ ಮಠದಲ್ಲಿ ಬಸವ ಜಯಂತಿಯನ್ನು ಸಾರ್ವಜನಿಕ ಉತ್ಸವವಾಗಿ ಆಚರಿಸಲಾಯಿತು. ಇಂದು ನಾಡಿನಲ್ಲೆಲ್ಲ, ಕಡಲಾಚೆಯ ನಮ್ಮ ಮನೆಗಳಲ್ಲಿಯೂ ನಡೆಯುವ ಜಯಂತಿಯ ಬೀಜ ಬಿದ್ದದ್ದು ಈ ವ್ಯಾಪಾರದ ಪೇಟೆಯಲ್ಲಿ. ಅರಮನೆಯ ಊರಿನಲ್ಲಲ್ಲ, ವಿದ್ವತ್ತಿಗೆ ಹೆಸರಾದ ಅಗ್ರಹಾರದಲ್ಲಿಯೂ ಅಲ್ಲ; ಹತ್ತಿ, ಅಡಿಕೆ, ಮಂಡಕ್ಕಿಗಳ ಊರಿನಲ್ಲಿ. ಗಳಿಸಿದವನು ಹಂಚಬೇಕೆಂಬುದನ್ನು ಕಣ್ಣಾರೆ ಕಂಡ ಜನಕ್ಕೆ ದಾಸೋಹದ ಮಾತು ಬೇಗ ನಾಟಿತೋ ಏನೋ.

ನಾಟಿದುದಕ್ಕೆ ಸಾಕ್ಷಿಗಳು ಊರ ತುಂಬ ನಿಂತಿವೆ. 1951ರಲ್ಲಿ ಆರಂಭವಾದ ಇಂಜಿನಿಯರಿಂಗ್ ಕಾಲೇಜು ಬ್ರಹ್ಮಪ್ಪ ದೇವೇಂದ್ರಪ್ಪ ತವನಪ್ಪನವರ ಹೆಸರನ್ನು ಹೊತ್ತಿದೆ. ರಾಜನಹಳ್ಳಿ ಮದ್ದೂರಾಯಪ್ಪನವರ ಹೆಸರಿನ ವಿಜ್ಞಾನ ಕಾಲೇಜು, ರಾಜನಹಳ್ಳಿ ಹನುಮಂತಪ್ಪನವರ ಛತ್ರ, ಚಿಗಟೇರಿ ಮನೆತನದ ಹೆಸರಿನ ಜಿಲ್ಲಾ ಆಸ್ಪತ್ರೆ, 1958ರ ಬಾಪೂಜಿ ವಿದ್ಯಾಸಂಸ್ಥೆ, ಅದು 1965ರಲ್ಲಿ ತೆರೆದ ಜೆ.ಜೆ.ಎಂ. ವೈದ್ಯಕೀಯ ಕಾಲೇಜು: ಇವೆಲ್ಲ ಸರಕಾರದ ಕೃಪೆಯನ್ನೇ ಕಾಯುತ್ತ ಕುಳಿತಿದ್ದರೆ ಆಗುತ್ತಿದ್ದ ಕೆಲಸಗಳಲ್ಲ. ಸುತ್ತಲಿನ ಹಳ್ಳಿಗಳಿಂದ ಬುತ್ತಿ ಕಟ್ಟಿಕೊಂಡು ಬಂದು ಈ ಕಾಲೇಜುಗಳಲ್ಲಿ ಓದಿದ ಹುಡುಗರು ಎಷ್ಟೋ. ಬಾತಿಯ ಮಕ್ಕಳು ಪುಣ್ಯವಂತರು. ಅವರಿಗೆ ಹಾಸ್ಟೆಲು ಬೇಕಿರಲಿಲ್ಲ. ಒಂದು ಸೈಕಲ್ಲು ಇದ್ದರೆ ಸಾಕಿತ್ತು.

ಗಿರಣಿಗಳ ಕಥೆ ಇಷ್ಟು ಸುಖದ್ದಲ್ಲ. ಸುತ್ತಲಿನ ಎರೆಭೂಮಿಯ ಹತ್ತಿಯಿಂದ ಬೆಳೆದ ದಾವಣಗೆರೆಯ ಬಟ್ಟೆ ಗಿರಣಿಗಳು ಊರಿಗೆ ಕರ್ನಾಟಕದ ಮ್ಯಾಂಚೆಸ್ಟರ್ ಎಂಬ ಹೆಸರನ್ನು ತಂದವು. ಕಳೆದ ಶತಮಾನ ಮುಗಿಯುವ ಹೊತ್ತಿಗೆ ಬಹುಪಾಲು ಸದ್ದಡಗಿದವು. ಹರಿಹರದಲ್ಲಿ 1941ರಲ್ಲಿ ಆರಂಭವಾದ ಮೈಸೂರು ಕಿರ್ಲೋಸ್ಕರ್ ಕಾರ್ಖಾನೆಯ ಲೇತು ಯಂತ್ರಗಳು ದೇಶದಲ್ಲೆಲ್ಲ ಪ್ರಸಿದ್ಧವಾಗಿದ್ದವು. ಈ ಶತಮಾನದ ಆರಂಭದಲ್ಲಿ ಅದೂ ಬಾಗಿಲು ಹಾಕಿತು. ಹೊಳೆಯಾಚೆಯ ಕುಮಾರಪಟ್ಟಣದಲ್ಲಿ 1970ರ ದಶಕದಲ್ಲಿ ಬಂದ ಪಾಲಿಫೈಬರ್ಸ್ ಕಾರ್ಖಾನೆ ಉದ್ಯೋಗ ಕೊಟ್ಟಿತು. ಅದರೊಡನೆ ಹೊಳೆಯ ನೀರಿನ ಬಗೆಗೆ 1980ರ ದಶಕದಲ್ಲಿ ಸಮಾಜ ಪರಿವರ್ತನ ಸಮುದಾಯದ ದೀರ್ಘ ಹೋರಾಟಕ್ಕೂ ಕಾರಣವಾಯಿತು. ದುಡಿಮೆ ಹೋದ ಮನೆಗಳ ಮಕ್ಕಳು ಬೆಂಗಳೂರು, ಪುಣೆಗಳ ಬಸ್ಸು ಹಿಡಿದರು. ಆ ಬಸ್ಸುಗಳೂ ಬಾತಿಯ ಮುಂದೆಯೇ ಹಾದು ಹೋದವು.

ಇನ್ನು ನೀರಿನ ಮಾತು. ಬಾತಿಗೆ ಸಂಬಂಧಿಸಿದಂತೆ ನಿಜವಾಗಿ ಹೇಳಬೇಕಾದ ಮಾತು ಇದೇ.

ಲಕ್ಕವಳ್ಳಿಯ ಭದ್ರಾ ಅಣೆಕಟ್ಟು 1960ರ ದಶಕದಲ್ಲಿ ಪೂರ್ಣಗೊಂಡು ಬಲದಂಡೆಯ ನಾಲೆ ದಾವಣಗೆರೆ, ಹರಿಹರಗಳ ಬಯಲಿಗೆ ಬಂದಾಗ ಈ ಸೀಮೆಯ ಚಹರೆಯೇ ಬದಲಾಯಿತು. ಜೋಳ, ಹತ್ತಿ ಬೆಳೆಯುತ್ತಿದ್ದ ಹೊಲಗಳು ಗದ್ದೆಗಳಾದವು. ರೊಟ್ಟಿ ತಿನ್ನುತ್ತಿದ್ದ ಮನೆಗಳಲ್ಲಿ ಎರಡು ಹೊತ್ತು ಅನ್ನ ಬೇಯತೊಡಗಿತು. ಹಿರಿಯರೊಬ್ಬರು ನಮ್ಮೊಡನೆ ಮಾತನಾಡುತ್ತ, "ನಾಲೆ ಬರೋಕೆ ಮುಂಚೆ ಹಬ್ಬಕ್ಕೆ ಅನ್ನ, ಈಗ ಹಬ್ಬಕ್ಕೆ ರೊಟ್ಟಿ ನೋಡ್ರಿ" ಎಂದು ನಕ್ಕರು. ಆದರೆ ದಾವಣಗೆರೆ ಸೀಮೆ ನಾಲೆಯ ಕೊನೆಯ ಭಾಗ. ಮೇಲಿನವರು ಅಡಿಕೆ ತೋಟಕ್ಕೂ ಭತ್ತಕ್ಕೂ ತುಂಬಿಕೊಂಡ ಮೇಲೆ ಉಳಿದದ್ದು ಕೆಳಗಿನವರಿಗೆ. ಮಳೆ ಕೈಕೊಟ್ಟ ವರ್ಷ ಬೇಸಿಗೆ ಬೆಳೆಗೆ ನೀರು ಬಿಡುವರೋ ಇಲ್ಲವೋ ಎಂದು ಕೊನೆಯ ಭಾಗದ ರೈತ ರಸ್ತೆಗಿಳಿಯುತ್ತಾನೆ. ಜಲಾಶಯದ ಮಟ್ಟ 186 ಅಡಿಯ ಪೈಕಿ ಎಷ್ಟಾಯಿತು ಎಂಬುದು ಮಳೆಗಾಲದಲ್ಲಿ ಇಲ್ಲಿಯ ಪ್ರತಿ ಕಟ್ಟೆಯಲ್ಲಿಯೂ ಕೇಳಿಬರುವ ಮಾತು.

ದಾವಣಗೆರೆ ನಗರದ ಬಾಯಾರಿಕೆಯೂ ಇದೇ ಎರಡು ಮೂಲಗಳಿಂದ ತಣಿಯಬೇಕು. ನಾಲೆಯ ನೀರನ್ನು ಕುಂದವಾಡ ಕೆರೆಯಲ್ಲಿಯೂ ಟಿ.ವಿ. ಸ್ಟೇಷನ್ ಕೆರೆಯಲ್ಲಿಯೂ ತುಂಬಿಟ್ಟುಕೊಳ್ಳುತ್ತಾರೆ. ಹರಿಹರ ತಾಲ್ಲೂಕಿನ ರಾಜನಹಳ್ಳಿಯ ಬಳಿ ಹೊಳೆಯಿಂದ ನೀರೆತ್ತುತ್ತಾರೆ. ಹೊಳೆಯಿಂದ ಎತ್ತಿದ ನೀರು ಬಾತಿಯಲ್ಲಿರುವ ಶುದ್ಧೀಕರಣ ಘಟಕಕ್ಕೆ ಬಂದು, ಅಲ್ಲಿಂದ ನಗರದ ನಲ್ಲಿಗಳಿಗೆ ಹೋಗುತ್ತದೆ. ದಾವಣಗೆರೆಯ ಅಡುಗೆಮನೆಯಲ್ಲಿ ಅನ್ನಕ್ಕೆ ಎಸರಿಡುವ ನಮ್ಮ ತಾಯಂದಿರು, ಆ ನೀರು ಯಾವ ಊರಿನ ನೆಲದಲ್ಲಿ ತಿಳಿಯಾಗಿ ಬಂದಿತೆಂದು ಯೋಚಿಸಿರಲಾರರು. ನಾವೂ ಯೋಚಿಸಿರಲಿಲ್ಲ.

ಕೆರೆಯ ಏರಿಯ ಮೇಲೆ ನಿಂತು ನೋಡಿದಾಗ ನಮ್ಮ ಮನಸ್ಸಿಗೆ ಬಂದದ್ದು ಈ ವಿಚಾರವೇ. ಒಂದು ಕಾಲಕ್ಕೆ ಊರು ಕೆರೆಯನ್ನು ನೋಡಿಕೊಳ್ಳುತ್ತಿತ್ತು. ಕೆರೆ ಊರನ್ನು ನೋಡಿಕೊಳ್ಳುತ್ತಿತ್ತು. ನಾಲೆ ಬಂದ ಮೇಲೆ, ಕೊಳವೆಬಾವಿ ಬಂದ ಮೇಲೆ, ನಲ್ಲಿ ಬಂದ ಮೇಲೆ ಆ ಋಣ ಸಡಿಲವಾಯಿತು. ಕೆರೆಗೆ ನೀರು ಬರುವ ಹಳ್ಳಗಳ ದಾರಿಯಲ್ಲಿ ಏನಾಗುತ್ತಿದೆ, ಹೂಳು ಎಷ್ಟು ತುಂಬಿದೆ, ತೂಬು ಸರಿಯಿದೆಯೆ ಎಂದು ಕೇಳುವ ನೀರಗಂಟಿ ಈಗ ಎಷ್ಟು ಊರುಗಳಲ್ಲಿದ್ದಾನೆ? ಇದು ಬಾತಿಯೊಂದರ ಕಥೆಯಲ್ಲ. ಸಿರಿಗೆರೆಯ ತರಳಬಾಳು ಜಗದ್ಗುರು ಡಾ. ಶಿವಮೂರ್ತಿ ಶಿವಾಚಾರ್ಯ ಮಹಾಸ್ವಾಮಿಗಳವರು ತುಂಗಭದ್ರೆಯ ನೀರನ್ನು ರಾಜನಹಳ್ಳಿಯಿಂದ ಎತ್ತಿ 22 ಕೆರೆಗಳಿಗೆ ತುಂಬಿಸುವ ಯೋಜನೆಗಾಗಿ ಅಧಿಕಾರಿಗಳ, ಮಂತ್ರಿಗಳ ಬೆನ್ನು ಹತ್ತಿ ದುಡಿದುದನ್ನು ಈ ಭಾಗದ ರೈತರು ಬಲ್ಲರು. ಮಠವೊಂದು ಕೆರೆಯ ಲೆಕ್ಕ ಕೇಳಬಹುದೆಂಬುದು ಕೆಲವರಿಗೆ ಸೋಜಿಗವಾಗಿ ಕಂಡಿತು. ನಮಗೆ ಅದರಲ್ಲಿ ಸೋಜಿಗವಿಲ್ಲ. ಸೊನ್ನಲಿಗೆಯ ಸಿದ್ಧರಾಮೇಶ್ವರರು ಕೆರೆ ಕಟ್ಟಿಸಿಯೇ ಶಿವಯೋಗಿಗಳೆನಿಸಿಕೊಂಡರಲ್ಲವೆ?

ಇತ್ತ ನಗರ ಬೆಳೆಯುತ್ತಿದೆ. 1870ರಲ್ಲಿ ಪುರಸಭೆಯಾದ ದಾವಣಗೆರೆ, 1997ರ ಆಗಸ್ಟ್ 15ರಂದು ಜೆ.ಎಚ್. ಪಟೇಲರು ಮುಖ್ಯಮಂತ್ರಿಗಳಾಗಿದ್ದಾಗ ಚಿತ್ರದುರ್ಗದಿಂದ ಬೇರೆಯಾಗಿ ಜಿಲ್ಲಾ ಕೇಂದ್ರವಾಯಿತು. 2007ರಲ್ಲಿ ಮಹಾನಗರಪಾಲಿಕೆಯಾಯಿತು. 2016ರಲ್ಲಿ ಸ್ಮಾರ್ಟ್ ಸಿಟಿಗಳ ಮೊದಲ ಪಟ್ಟಿಯಲ್ಲಿಯೇ ಸೇರಿತು. 2011ರ ಜನಗಣತಿಯಂತೆ ದಾವಣಗೆರೆಯ ಜನಸಂಖ್ಯೆ 4 ಲಕ್ಷ 34 ಸಾವಿರಕ್ಕೂ ಹೆಚ್ಚು. ಹರಿಹರದ್ದು 83 ಸಾವಿರ. ಎರಡೂ ನಗರಗಳಿಗೆ ಸೇರಿ ಒಂದೇ ನಗರಾಭಿವೃದ್ಧಿ ಪ್ರಾಧಿಕಾರವಿದೆ. ಅದರ ಹೆಸರೇ ದಾವಣಗೆರೆ-ಹರಿಹರ ನಗರಾಭಿವೃದ್ಧಿ ಪ್ರಾಧಿಕಾರ. ಆ ಹೆಸರಿನಲ್ಲಿ ಎರಡು ಊರುಗಳ ನಡುವೆ ಒಂದು ಸಣ್ಣ ಗೆರೆ ಬರೆಯುತ್ತಾರಷ್ಟೆ. ಬಾತಿ ಇರುವುದು ಆ ಗೆರೆಯ ಮೇಲೆ.

ಗೆರೆಯ ಮೇಲಿನ ಹೊಲಕ್ಕೆ ಬೆಲೆ ಬಂದಿದೆ. ರಸ್ತೆಯ ಎರಡೂ ಬದಿಗೆ ಕಲ್ಲು ನೆಟ್ಟು ನಿವೇಶನ ಮಾಡಿದ ಹೊಲಗಳನ್ನು ಕಂಡೆವು. ಮಾರಿದವನನ್ನು ದೂರಲಾರೆವು. ಕೊನೆಯ ಭಾಗದ ನೀರನ್ನು ನಂಬಿ ಸಾಲ ಮಾಡಿದವನಿಗೆ, ಮಗಳ ಮದುವೆ ಮಾಡಬೇಕಾದವನಿಗೆ, ಎಕರೆಯ ಬೆಲೆ ಚದರ ಅಡಿಯ ಲೆಕ್ಕದಲ್ಲಿ ಬಂದಾಗ ಬೇಡವೆನ್ನುವುದು ಸುಲಭವಲ್ಲ. ಕೊಂಡವರಲ್ಲಿಯೂ ನಮ್ಮ ಸಮಾಜದವರು, ನಮ್ಮ ಓದುಗರು ಇದ್ದಾರೆಂಬುದನ್ನು ಮುಚ್ಚಿಡಲಾರೆವು. ಆದರೆ ಭೂಪರಿವರ್ತನೆಯ ಆದೇಶ ಒಂದು ಸರ್ವೆ ನಂಬರಿಗೆ ಬರುತ್ತದೆ; ಮಳೆನೀರು ಸರ್ವೆ ನಂಬರು ನೋಡಿ ಹರಿಯುವುದಿಲ್ಲ. ಹೊಲದ ಬದುವಿನಲ್ಲಿ ಹರಿದು ಕೆರೆ ಸೇರುತ್ತಿದ್ದ ನೀರಿಗೆ ಬಡಾವಣೆಯ ಗೋಡೆ ಅಡ್ಡ ಬಂದರೆ ಕೆರೆಗೆ ಬರುವುದು ಚರಂಡಿಯ ನೀರೊಂದೇ.

ಇನ್ನೊಂದು ಸಂಗತಿಯನ್ನು ಹಳ್ಳಿಯ ಬಂಧುಗಳೂ ನಗರದ ಬಂಧುಗಳೂ ಅರಿತಿರುವುದು ಒಳ್ಳೆಯದು. 1993ರ ಪಂಚಾಯತ್ ರಾಜ್ ಕಾಯಿದೆಯಂತೆ ಹಳ್ಳಿಗೆ ತನ್ನ ಗ್ರಾಮ ಪಂಚಾಯಿತಿಯಿದೆ, ಗ್ರಾಮಸಭೆಯಿದೆ. ಅಲ್ಲಿ ಎದ್ದು ನಿಂತು "ಕೆರೆ ಏರಿ ಕುಸಿದಿದೆ, ಏನು ಮಾಡಿದಿರಿ" ಎಂದು ಯಾವ ಹೆಣ್ಣುಮಗಳೂ ಕೇಳಬಹುದು. ಊರು ಪಾಲಿಕೆಗೆ ಸೇರಿದ ದಿನ ಗ್ರಾಮಸಭೆ ಇಲ್ಲವಾಗುತ್ತದೆ. ಇಡೀ ಊರು ಒಂದು ವಾರ್ಡೋ ವಾರ್ಡಿನ ತುಣುಕೋ ಆಗುತ್ತದೆ. 2005ರ ಉದ್ಯೋಗ ಖಾತ್ರಿ ಕಾಯಿದೆಯ ಅಡಿಯಲ್ಲಿ ನಾಡಿನ ಎಷ್ಟೋ ಹಳ್ಳಿಗಳು ತಮ್ಮ ಕೆರೆಯ ಹೂಳನ್ನು ತಾವೇ ಎತ್ತಿ ಕೂಲಿ ಪಡೆದವು. ನಗರದ ವಾರ್ಡಿಗೆ ಆ ಕಾಯಿದೆ ಅನ್ವಯವಾಗುತ್ತಿರಲಿಲ್ಲ. ಬದಲಿಗೆ ಬೀದಿದೀಪ ಬರುತ್ತದೆ, ಒಳಚರಂಡಿ ಬರುತ್ತದೆ, ಕಸದ ಗಾಡಿ ಬರುತ್ತದೆ, ತೆರಿಗೆಯೂ ಬರುತ್ತದೆ. ಇವು ಬೇಡವೆಂದು ನಾವು ಹೇಳುತ್ತಿಲ್ಲ. ಮಳೆಗಾಲದಲ್ಲಿ ಕೆಸರು ತುಳಿಯುವ ಕಷ್ಟ ತುಳಿದವರಿಗೇ ಗೊತ್ತು. ಎರಡು ನಗರಗಳು ಒಂದಾಗುವ ದಿನ ದೂರವಿರಲಾರದು; ಅದನ್ನು ತಡೆಯುವುದೂ ಸಾಧ್ಯವಿಲ್ಲ. ಆದರೆ ಆ ದಿನದೊಳಗೆ ಕೆರೆಯ ಅಳತೆ ಮಾಡಿಸಿ ಗಡಿಕಲ್ಲು ಹಾಕಿಸುವುದು, ನೀರು ಬರುವ ಹಳ್ಳಗಳನ್ನು ನಕ್ಷೆಯಲ್ಲಿ ಗುರುತಿಸಿಡುವುದು, ಗುಡ್ಡದ ಸುತ್ತ ಒಂದಿಷ್ಟು ನೆಲವನ್ನು ಕಟ್ಟಡವಿಲ್ಲದೆ ಬಿಡಿಸುವುದು ಗ್ರಾಮಸಭೆಯಿಂದ ಈಗಲೇ ಆಗಬೇಕಾದ ಕೆಲಸ ಎಂಬುದು ನಮ್ಮ ಅಭಿಪ್ರಾಯ. ದಾವಣಗೆರೆಯ ಹಿಂದಿನ ದಾನಿಗಳು ಛತ್ರ, ಆಸ್ಪತ್ರೆ, ಕಾಲೇಜುಗಳಿಗೆ ಹೆಸರು ಕೊಟ್ಟರು. ಒಂದು ಕೆರೆಯ ಏರಿಗೆ ಹೆಸರು ಕೊಡುವ ದಾನಿ ಈ ಕಾಲದಲ್ಲಿ ಹುಟ್ಟಬಾರದೆಂದೇನೂ ಇಲ್ಲ.

ಸಂಜೆ ಗುಡ್ಡ ಹತ್ತಿದೆವು. ಮೊಣಕಾಲು ನೋವಿನವರಿಗೆ ತುಸು ಕಷ್ಟವೇ; ನಡುವೆ ಕುಳಿತು ಸುಧಾರಿಸಿಕೊಂಡು ಹೋಗಬೇಕು. ಸ್ವಾಮಿಯ ದರ್ಶನ ಮಾಡಿ, ವಿಭೂತಿ ಧರಿಸಿ, ಬಂಡೆಯ ಮೇಲೆ ಕುಳಿತೆವು. ನಮ್ಮ ಪಕ್ಕದಲ್ಲಿ ಒಂದು ಸಂಸಾರ ಕುಳಿತು ಮಂಡಕ್ಕಿ ತಿನ್ನುತ್ತಿತ್ತು. ಅಜ್ಜಿ ಮೊಮ್ಮಗನಿಗೆ ಕೆಳಗೆ ಕೈ ತೋರಿಸಿ, ಅಗೋ ಅದು ನಮ್ಮ ಹೊಲ ಇತ್ತು, ಅದರಾಚೆ ರೈಲು, ಅದರಾಚೆ ಹರಿಹರ ಎಂದು ಹೇಳುತ್ತಿದ್ದಳು. ಹುಡುಗ ಹೊಲವನ್ನು ಬಿಟ್ಟು ರೈಲನ್ನು ಹುಡುಕುತ್ತಿದ್ದ. ಒಂದು ಕಡೆ ದಾವಣಗೆರೆಯ ದೀಪಗಳು ಹತ್ತತೊಡಗಿದವು. ಇನ್ನೊಂದು ಕಡೆ ಹರಿಹರದವು. ನಡುವೆ ಕೆರೆಯ ಜಾಗ ಮಾತ್ರ ಕತ್ತಲಾಗಿತ್ತು. ಕೊನೆಯ ಸಿಟಿ ಬಸ್ಸು ತಪ್ಪಿದರೆ ಆಟೋದವನು ಕೇಳಿದಷ್ಟು ಕೊಡಬೇಕಾದೀತೆಂದು ಅಜ್ಜಿಯೇ ನಮ್ಮನ್ನು ಎಬ್ಬಿಸಿದಳು.